ಓರಗಿತ್ತಿಗಿಂತ ಕಡಿಮೆ ಕಂತು

ನನ್ನ ಹೆಂಡತಿಗೆ ಹೊಟ್ಟೆಕಿಚ್ಚು. ಇದು ನಾನು ಹೇಳುತ್ತಿರುವ ಚಾಡಿಯಲ್ಲ, ಅವಳೇ ಒಪ್ಪಿಕೊಂಡ ಮಾತು. ಕೆಲವರಿಗೆ ಸಕ್ಕರೆ ಕಾಯಿಲೆ, ಕೆಲವರಿಗೆ ಬೆನ್ನುನೋವು, ನನಗೆ ಇದು ಎನ್ನುತ್ತಾಳೆ. ಅವಳ ಕಸುಬೂ ಅಂಥದ್ದೇ. ಪರದೆ ಹೊಲಿಯುತ್ತಾಳೆ. ನಮ್ಮ ಸುತ್ತಮುತ್ತ ಯಾರು ಹೊಸ ಮನೆಗೆ ಬಂದರೂ ಮೊದಲ ವಾರದಲ್ಲೇ ‘ಪರದೆ ಅಕ್ಕ’ನಿಗೆ ಫೋನು ಬರುತ್ತದೆ. ಕೊರಳಿಗೆ ಅಳತೆ ಟೇಪು ಹಾಕಿಕೊಂಡು, ಬಗಲಲ್ಲಿ ಬಟ್ಟೆಯ ಮಾದರಿಗಳ ಚೀಲ ಹಿಡಿದು ಹೊರಡುತ್ತಾಳೆ. ಇನ್ನೂ ಬಣ್ಣದ ವಾಸನೆ ಹೋಗದ ಕೋಣೆಗಳಲ್ಲಿ ಸ್ಟೂಲು ಹತ್ತಿ ಕಿಟಕಿ ಅಳೆಯುತ್ತಾಳೆ. ಮನೆಯವರು ಕೆಳಗೆ ನಿಂತು, ಇದು ನಮ್ಮ ಕೋಣೆ, ಅದು ಮಕ್ಕಳದ್ದು, ಇಲ್ಲಿ ಬೆಳಗಿನ ಬಿಸಿಲು ಬೀಳುತ್ತದೆ ಎಂದು ವಿವರಿಸುತ್ತಿದ್ದರೆ, ಇವಳು ಪಿನ್ನು ಕಚ್ಚಿಕೊಂಡ ಬಾಯಲ್ಲೇ ಹೂಂಗುಟ್ಟುತ್ತಾಳೆ. ಸಂಜೆ ಬಂದು ಚಪ್ಪಲಿ ಬಿಡುವ ರಭಸದಲ್ಲೇ ಆ ಮನೆ ಎಷ್ಟು ಚೆನ್ನಾಗಿತ್ತು ಎಂಬುದು ನನಗೆ ಗೊತ್ತಾಗಿಬಿಡುತ್ತದೆ.

ನಾನು ಲಿಫ್ಟ್ ರಿಪೇರಿಯವನು. ಜನರನ್ನು ಅವರವರ ಮನೆಯ ಬಾಗಿಲವರೆಗೆ ತಲುಪಿಸುವ ಯಂತ್ರಕ್ಕೆ ಎಣ್ಣೆ ಹಾಕುವುದು ನನ್ನ ಕೆಲಸ, ಆ ಬಾಗಿಲೊಳಗೆ ಹೋಗಿ ಉರಿದುಕೊಂಡು ಬರುವುದು ಅವಳ ಕೆಲಸ.

ನಮ್ಮದು ಬಾಡಿಗೆ ಮನೆ. ಮದುವೆಯಾದಾಗಿನಿಂದ ಬದಲಾಯಿಸಿದ ಮನೆಗಳು ಒಂದೆರಡಲ್ಲ, ಒಂದು ಮನೆಯ ಕಿಟಕಿಯ ಅಳತೆ ಇನ್ನೊಂದಕ್ಕೆ ಇಲ್ಲ. ಹೀಗಾಗಿ ಊರಿಗೆಲ್ಲ ಪರದೆ ಹೊಲಿದುಕೊಡುವವಳ ಸ್ವಂತ ಪರದೆಗಳು ಮಾತ್ರ ಒಂದು ಮನೆಯಲ್ಲಿ ಗಿಡ್ಡ, ಇನ್ನೊಂದರಲ್ಲಿ ಉದ್ದ. ಗಿಡ್ಡವಾದಾಗ ಕೆಳಗೆ ಬೇರೆ ಬಣ್ಣದ ಪಟ್ಟಿ ಸೇರಿಸುತ್ತಾಳೆ, ಉದ್ದವಾದಾಗ ಒಳಗೆ ಮಡಚಿ ಹೊಲಿಗೆ ಹಾಕುತ್ತಾಳೆ. ಈಗ ನಮ್ಮ ಹಜಾರದಲ್ಲಿ ತೂಗುತ್ತಿರುವುದಕ್ಕೆ ಮೂರು ಬಣ್ಣಗಳಿವೆ. ಬಂದವರು ಹೊಸ ಫ್ಯಾಷನ್ನಾ ಎಂದು ಕೇಳಿದರೆ ಹೌದು ಎನ್ನುತ್ತಾಳೆ.

ಗಿರಾಕಿಗಳ ಜೊತೆ ಅವಳದು ಯಾವಾಗಲೂ ಒಂದೇ ಜಗಳ. ಕಿಟಕಿ ನಾಲ್ಕಡಿ ಇದ್ದರೆ ಬಟ್ಟೆ ಹತ್ತಡಿ ಬೇಕಾಗುತ್ತದೆ, ಮಿಕ್ಕಿದ್ದೆಲ್ಲ ನೆರಿಗೆಗೆ ಹೋಗುತ್ತದೆ. ಇದು ಜನರ ತಲೆಗೆ ಹೋಗುವುದಿಲ್ಲ. ನಾಲ್ಕಡಿಗೆ ಹತ್ತಡಿ ಬಿಲ್ಲು ಮಾಡಿದ್ದೀರಲ್ಲ, ನಮ್ಮನ್ನೇನು ಪೆದ್ದರು ಅಂದುಕೊಂಡಿರಾ ಎಂದು ಮೈಮೇಲೆ ಬರುತ್ತಾರೆ. ಇವಳು ಬಟ್ಟೆಯನ್ನು ಎಳೆದು ಹಿಡಿದು, ಮತ್ತೆ ಮುದುರಿಸಿ ತೋರಿಸಿ, ಸಮಾಧಾನವಾಗಿ ತಿಳಿಸಿ ಹೇಳುತ್ತಾಳೆ. ಈ ವಿಷಯದಲ್ಲಿ ಅವಳಿಗಿರುವ ತಾಳ್ಮೆ ಬೇರೆ ಯಾವುದರಲ್ಲೂ ಇಲ್ಲ.

ಇಡೀ ಊರಿನ ಮೇಲಿರುವ ಹೊಟ್ಟೆಕಿಚ್ಚನ್ನು ತಕ್ಕಡಿಯ ಒಂದು ತಟ್ಟೆಗೆ ಹಾಕಿ, ಇನ್ನೊಂದರಲ್ಲಿ ನನ್ನ ತಮ್ಮನ ಹೆಂಡತಿಯನ್ನು ಕೂರಿಸಿದರೆ, ಓರಗಿತ್ತಿಯ ಕಡೆಯೇ ಕೆಳಗಿಳಿಯುತ್ತದೆ. ತಮ್ಮ ಸಾರಿಗೆ ಕಚೇರಿಯಲ್ಲಿ ಗುಮಾಸ್ತ. ಹನ್ನೊಂದು ವರ್ಷದ ಹಿಂದೆ ಬ್ಯಾಂಕಿನಲ್ಲಿ ಇಪ್ಪತ್ತು ವರ್ಷದ ಸಾಲ ಮಾಡಿ, ನಾಲ್ಕಂತಸ್ತಿನ ಕಟ್ಟಡವೊಂದರ ಮೂರನೆಯ ಮಹಡಿಯಲ್ಲಿ ಮನೆ ಕೊಂಡ. ಅದಕ್ಕೆ ಪರದೆ ಹೊಲಿದುಕೊಟ್ಟವಳು ನನ್ನ ಹೆಂಡತಿಯೇ, ಅದೂ ಪುಕ್ಕಟೆ. ಕೊನೆಯ ಪರದೆ ಏರಿಸಿ ಕೆಳಗಿಳಿದಾಗ ಓರಗಿತ್ತಿ ಕೈ ಕಟ್ಟಿಕೊಂಡು ನೋಡಿ, “ಚೆನ್ನಾಗಿದೆ ಅಕ್ಕ, ಆ ಮೂಲೆದು ಸ್ವಲ್ಪ ಓರೆ ಅನ್ಸುತ್ತೆ” ಅಂದಳಂತೆ. ಆ ‘ಸ್ವಲ್ಪ ಓರೆ’ ನಮ್ಮ ಮನೆಯಲ್ಲಿ ಹನ್ನೊಂದು ವರ್ಷ ಬಾಳಿದೆ.

ಅದಕ್ಕಿಂತ ಹೆಚ್ಚು ಉರಿಸಿದ್ದು ಕಂತು. ನಮ್ಮ ಮನೆಯ ಮಾಲೀಕರು ಬಾಡಿಗೆ ಏರಿಸಿದ ಸುದ್ದಿ ಓರಗಿತ್ತಿಯ ಕಿವಿಗೆ ಹೇಗೆ ಬೀಳುತ್ತಿತ್ತೋ ಕಾಣೆ, ತಪ್ಪದೆ ಫೋನು ಮಾಡುತ್ತಿದ್ದಳು.

“ಮತ್ತೆ ಏರಿಸಿದ್ರಂತಲ್ಲ ಅಕ್ಕ? ಪಾಪ. ನಮಗೆ ಆ ತಲೆನೋವಿಲ್ಲ ನೋಡಿ. ಅವತ್ತು ಇಪ್ಪತ್ತೈದು ಸಾವಿರ, ಇವತ್ತೂ ಇಪ್ಪತ್ತೈದು ಸಾವಿರ. ಒಂದು ಕಾಸು ಏರಿಲ್ಲ.”

ಫೋನಿಟ್ಟ ಮೇಲೆ ನನ್ನ ಹೆಂಡತಿ ಹೊಲಿಗೆ ಯಂತ್ರದ ಮುಂದೆ ಕೂರುತ್ತಿದ್ದಳು. ಆ ಹೊತ್ತಿನಲ್ಲಿ ಯಂತ್ರ ಓಡುವ ಸದ್ದು ಕೇಳಿದರೆ ಯಾರನ್ನೋ ಅಟ್ಟಿಸಿಕೊಂಡು ಹೋಗುತ್ತಿದ್ದಾಳೆ ಅನ್ನಿಸುತ್ತಿತ್ತು. “ಪಾಪ ಅಂತೆ, ಪಾಪ” ಎಂದು ಹಲ್ಲು ಕಡಿಯುತ್ತಿದ್ದಳು. ಓರಗಿತ್ತಿಗೆ ಒಂದು ಹೆಸರನ್ನೂ ಇಟ್ಟಳು: ಕಂತಿನ ಮಹಾರಾಣಿ. ನಾನು ನಗುತ್ತಿದ್ದೆ. ಆದರೆ ತಿಂಗಳಿಗೊಮ್ಮೆ ಆ ಕಟ್ಟಡದ ಲಿಫ್ಟ್ ನೋಡಲು ಹೋದಾಗ, ಮೂರನೆಯ ಮಹಡಿಯಲ್ಲಿ ನನ್ನ ತಮ್ಮನ ಹೆಸರಿನ ಹಿತ್ತಾಳೆ ಫಲಕ ಕಂಡರೆ ನನ್ನ ಹೊಟ್ಟೆಯೊಳಗೂ ಏನೋ ಚುರುಕ್ಕೆನ್ನುತ್ತಿತ್ತು. ಚಡ್ಡಿ ಹಾಕಿಕೊಳ್ಳಲು ಕಲಿಸಿದ್ದು ನಾನು, ಫಲಕ ಅವನದು. ಹೆಂಡತಿಗೆ ಇರುವಷ್ಟು ಧೈರ್ಯ ನನಗಿಲ್ಲ, ಬಾಯಿಬಿಟ್ಟು ಹೇಳುತ್ತಿರಲಿಲ್ಲ ಅಷ್ಟೆ.

ಹೀಗಿರುವಾಗ ತಮ್ಮನ ಮನೆಯ ನೆತ್ತಿಯ ಮೇಲಿನ ಮನೆ, ನಾಲ್ಕನೆಯ ಮಹಡಿಯದ್ದು, ಮಾರಾಟಕ್ಕೆ ಬಂತು. ಅಲ್ಲಿದ್ದ ಹೆಂಗಸು ಬೇರೆ ಊರಿಗೆ ಹೊರಟಿದ್ದರು, ಪರದೆ ಕಿರಿದು ಮಾಡಿಸಲು ನನ್ನ ಹೆಂಡತಿಯನ್ನು ಕರೆಸಿ ಸುದ್ದಿ ಹೇಳಿದರು. ಅವಳು ಅವತ್ತು ಚಪ್ಪಲಿ ಬಿಡಲೇ ಇಲ್ಲ, ಹಾಗೇ ಒಳಗೆ ಬಂದಳು.

“ರೀ, ಆ ಮನೆ ತಗೊಳ್ಳೋಣ.”

“ದುಡ್ಡು?”

“ಕೂಡಿಟ್ಟಿರೋದನ್ನ ಸುರಿಯೋಣ. ಮಿಕ್ಕಿದ್ದಕ್ಕೆ ಬ್ಯಾಂಕು. ಒಂದ್ಸಲ ಯೋಚನೆ ಮಾಡಿ, ಬೆಳಗ್ಗೆ ಎದ್ದು ನಾನು ಓಡಾಡ್ತಾ ಇದ್ರೆ ಸದ್ದು ಯಾರ ತಲೆ ಮೇಲೆ ಕೇಳ್ಸುತ್ತೆ?”

ಯೋಚನೆ ಮಾಡಿದೆ. ನನಗೂ ಹಿತವಾಗಿಯೇ ಇತ್ತು. ಆ ಹೆಂಗಸಿಗೆ ಮುಂಗಡವೆಂದು ಸ್ವಲ್ಪ ಹಣ ಕೊಟ್ಟೆವು. ಮನಸ್ಸು ಬದಲಾಯಿಸಿದರೆ ಅದು ವಾಪಸು ಬರುವುದಿಲ್ಲ ಎಂಬುದು ಒಪ್ಪಂದ.

ಬ್ಯಾಂಕಿನ ಸಾಲದ ಅಧಿಕಾರಿ ನಗುಮುಖದ ಯುವಕ. ಬೇಕಾಗಿದ್ದ ಸಾಲ ಮೂವತ್ತು ಲಕ್ಷ, ಬಡ್ಡಿ ಶೇಕಡಾ ಒಂಬತ್ತು. ಕಂಪ್ಯೂಟರಿನಲ್ಲಿ ಟಕಟಕ ಒತ್ತಿ, “ಇಪ್ಪತ್ತು ವರ್ಷಕ್ಕೆ ತಿಂಗಳಿಗೆ ಇಪ್ಪತ್ತಾರು ಸಾವಿರದ ಒಂಬೈನೂರ ತೊಂಬತ್ತೆರಡು” ಎಂದ.

ನನ್ನ ಹೆಂಡತಿಯ ಮುಖ ಬಾಡಿತು. “ಇಪ್ಪತ್ತೈದರ ಒಳಗೆ ಬರ್ಬೇಕು.”

“ಹಾಗಾದ್ರೆ ಅವಧಿ ಜಾಸ್ತಿ ಮಾಡೋಣ. ಇಪ್ಪತ್ತೈದು ವರ್ಷ ಮಾಡಿದ್ರೆ ಇಪ್ಪತ್ತೈದು ಸಾವಿರದ ನೂರ ಎಪ್ಪತ್ತಾರು.”

“ಆ ನೂರ ಎಪ್ಪತ್ತಾರು ಬೇಡ” ಎಂದಳು. “ಇನ್ನೂ ಸ್ವಲ್ಪ ಎಳೀರಿ.”

ಆ ಹುಡುಗ ಒಂದು ಕ್ಷಣ ಅವಳ ಮುಖ ನೋಡಿದ. ನೂರ ಎಪ್ಪತ್ತಾರರ ಮೇಲೆ ಇಷ್ಟೊಂದು ಸಿಟ್ಟು ಯಾಕೆಂದು ಅವನಿಗೆ ಹೇಗೆ ತಿಳಿಯಬೇಕು? ಮತ್ತೆ ಒತ್ತಿದ. ಮೂವತ್ತು ವರ್ಷಕ್ಕೆ ಇಪ್ಪತ್ನಾಲ್ಕು ಸಾವಿರದ ನೂರ ಮೂವತ್ತೊಂಬತ್ತು. ಅವಳು ನನ್ನ ತೊಡೆ ಚಿವುಟಿದಳು. ಮಹಾರಾಣಿಗಿಂತ ಎಂಟುನೂರು ಚಿಲ್ಲರೆ ಕಡಿಮೆ, ಮೇಲಾಗಿ ಒಂದು ಮಹಡಿ ಎತ್ತರ.

“ಆದ್ರೆ ಸರ್ ವಯಸ್ಸಿಗೆ ಅಷ್ಟು ವರ್ಷ ಸಾಲ ಕೊಡಕ್ಕಾಗಲ್ಲ” ಎಂದ ಅಧಿಕಾರಿ. ನನಗೆ ಐವತ್ತೆರಡು. “ಇಪ್ಪತ್ತು ವರ್ಷಕ್ಕೇ ಕಷ್ಟ. ಮಕ್ಕಳು ಯಾರಾದ್ರೂ ದುಡೀತಿದ್ದಾರಾ? ಜೊತೆಗೆ ಸೇರಿಸ್ಕೊಂಡ್ರೆ ಆಗುತ್ತೆ.”

ನಮಗೆ ಒಬ್ಬಳೇ ಮಗಳು. ಇಪ್ಪತ್ತೆರಡು ವರ್ಷ, ಆಸ್ಪತ್ರೆಯ ಎಕ್ಸ್‌ರೇ ಕೋಣೆಯಲ್ಲಿ ಕೆಲಸ. ಅಲ್ಲಿಗೇ ನಿಲ್ಲುವ ಮನಸ್ಸಿಲ್ಲ ಅವಳಿಗೆ. ಬೇರೆ ಊರಿಗೆ ಹೋಗಿ ಎರಡು ವರ್ಷ ಓದಿ, ದೊಡ್ಡ ಸ್ಕ್ಯಾನಿಂಗ್ ಯಂತ್ರ ನಡೆಸುವುದನ್ನು ಕಲಿಯಬೇಕೆಂದು ಸಂಬಳದಲ್ಲಿ ಉಳಿಸುತ್ತಿದ್ದಳು. ಆ ಎರಡು ವರ್ಷ ಸಂಬಳವಿಲ್ಲ. ಸಾಲಕ್ಕೆ ಸೇರಿಕೊಂಡರೆ ಓದು ಬಿಡಬೇಕು, ಇರುವ ಕೆಲಸಕ್ಕೇ ಅಂಟಿಕೊಳ್ಳಬೇಕು. ವಿಷಯ ಹೇಳಿದಾಗ ತಟ್ಟೆಯ ಮೇಲಿನ ಕಣ್ಣೆತ್ತದೆ, “ಪರವಾಗಿಲ್ಲಮ್ಮ, ಓದು ಆಮೇಲೂ ಇರುತ್ತೆ” ಎಂದಳು. ಅವಳ ಅಮ್ಮ ಆಗಲೇ ಮೇಲಿನ ಮನೆಯ ಕಿಟಕಿಗಳಿಗೆ ಬಟ್ಟೆ ಆರಿಸುತ್ತಿದ್ದಳು. ಎಲ್ಲಾ ಒಂದೇ ಬಣ್ಣ, ಎಲ್ಲೂ ಪಟ್ಟಿ ಇಲ್ಲ.

ಸಹಿಯ ದಿನಕ್ಕೆ ಸ್ವಲ್ಪ ಮೊದಲು ನಾನು ಆ ಕಟ್ಟಡದ ತಾರಸಿಯಲ್ಲಿ, ಲಿಫ್ಟಿನ ಮೋಟರು ಕೋಣೆಯಲ್ಲಿ ಗ್ರೀಸು ಹಚ್ಚುತ್ತಿದ್ದೆ. ತಮ್ಮ ಮೇಲೆ ಬಂದ. ಅವನು ಎಂದೂ ಅಲ್ಲಿಗೆ ಬಂದವನಲ್ಲ. ಬಾಗಿಲ ಬಳಿಯ ಪೇಂಟಿನ ಡಬ್ಬದ ಮೇಲೆ ಕೂತ.

“ಅಣ್ಣ, ಬ್ಯಾಂಕಿಗೆ ಹೋಗಿದ್ದೆ. ಒಂದಿಷ್ಟು ದುಡ್ಡು ಬಂದಿತ್ತು, ಸಾಲಕ್ಕೆ ಕಟ್ಟಿದ್ರೆ ಬೇಗ ಮುಗಿಯುತ್ತೆ ಅಂತ. ಇನ್ನು ಒಂಬತ್ತು ವರ್ಷ ತಾನೇ ಇರೋದು, ಎಷ್ಟಕ್ಕೆ ಇಳಿಯುತ್ತೆ ಅಂತ ಕೇಳ್ದೆ.”

“ಮತ್ತೆ?”

“ಹದಿನೇಳು ವರ್ಷ ಇದೆಯಂತೆ.”

ನನಗೆ ಅರ್ಥವಾಗಲಿಲ್ಲ. ಹನ್ನೊಂದು ವರ್ಷ ಕಟ್ಟಿದ್ದಾನೆ, ಇಪ್ಪತ್ತರಲ್ಲಿ ಹನ್ನೊಂದು ಕಳೆದರೆ ಒಂಬತ್ತು.

“ಸಾಲ ತಗೊಂಡ ಮಾರನೇ ವರ್ಷಾನೇ ಬಡ್ಡಿ ಏರಿತ್ತಂತೆ. ಆಗ ಕಂತು ಏರಿಸೋ ಬದಲು ವರ್ಷ ಏರಿಸಿದ್ರಂತೆ. ಕಾಗದ ಕಳ್ಸಿದ್ವಿ ಅಂದ್ರು. ಬಂದಿರಬೋದು. ಕಂತು ಅಷ್ಟೇ ಇತ್ತಲ್ಲ, ನಾನು ಯಾವ್ದನ್ನೂ ಓದ್ಲಿಲ್ಲ.” ಗ್ರೀಸಿನ ಡಬ್ಬವನ್ನೇ ನೋಡುತ್ತಾ ಮುಂದುವರಿಸಿದ, “ಇಷ್ಟು ವರ್ಷ ಕಟ್ಟಿದ್ದರಲ್ಲಿ ಮುಕ್ಕಾಲು ಪಾಲಿಗಿಂತ ಜಾಸ್ತಿ ಬಡ್ಡಿಗೇ ಹೋಗಿದೆ. ಅಸಲು ಹಾಗೇ ಕೂತಿದೆ. ಕೆಲಸದಿಂದ ನಿವೃತ್ತಿ ಆದ್ಮೇಲೂ ಕಟ್ತಿರ್ಬೇಕು ನಾನು. ಇವಳಿಗೆ ಹೇಳಿಲ್ಲ. ನೀನೂ ಅತ್ತಿಗೆಗೆ ಹೇಳ್ಬೇಡ.”

ಹೇಳುವುದಿಲ್ಲ ಎಂದು ಹೆಗಲ ಮೇಲೆ ಕೈಯಿಟ್ಟೆ. ಅವನ ಕಣ್ಣು ತುಂಬಿತ್ತು. ನಾನು ಅಣ್ಣ, ನನ್ನ ಕರುಳು ಕಿವುಚಬೇಕಿತ್ತು. ಕಿವುಚಲಿಲ್ಲ ಎಂದಲ್ಲ. ಆದರೆ ಅದಕ್ಕೂ ಮೊದಲು ಎದೆಯಲ್ಲಿ ತಣ್ಣಗೆ ಹಾಲು ಹೊಯ್ದಂತೆ ಆಯಿತು. ಹಿತ್ತಾಳೆ ಫಲಕ ನೆನಪಾಯಿತು. ಲಿಫ್ಟಿನಲ್ಲಿ ಇಳಿಯುವಾಗ ಮೂರನೆಯ ಮಹಡಿ ದಾಟಿದ್ದೇ ಗೊತ್ತಾಗಲಿಲ್ಲ.

ಮಾತು ಕೊಟ್ಟಿದ್ದು ನಿಜ, ಆದರೆ ಮಗಳ ಸಹಿ ಹತ್ತಿರ ಬಂದಿತ್ತು. ಇದನ್ನು ಕೇಳಿದರೆ ಹೆಂಡತಿ ಹೆದರಿ ಹಿಂದೆಗೆಯುತ್ತಾಳೆ ಎಂದುಕೊಂಡು ಬೆಳಿಗ್ಗೆ ಚಹಾ ಕುಡಿಯುವಾಗ ಹೇಳಿಬಿಟ್ಟೆ.

“ಎಷ್ಟು ಅಂದ್ರಿ?”

“ಹದಿನೇಳು.”

“ಇನ್ನೂ ಹದಿನೇಳಾ? ಇನ್ನೊಂದ್ಸಲ ಹೇಳಿ.”

ಇನ್ನೊಂದು ಸಲ ಹೇಳಿದೆ. ಅವಳು ಲೋಟ ಕೆಳಗಿಟ್ಟು, ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಕ್ಕಳು. “ಒಂದು ಕಾಸು ಏರಿಲ್ಲ” ಎಂದು ಓರಗಿತ್ತಿಯ ದನಿಯಲ್ಲೇ ಅಣಕಿಸಿದಳು. ನಾನು ಕೇಳದೆಯೇ ಎರಡನೆಯ ಲೋಟ ಚಹಾ ಬಂತು. ಆದರೆ ಅವಳು ಹೆದರಲಿಲ್ಲ. ನಾನು ಎಣಿಸಿದ್ದೇ ತಪ್ಪು. ಹೊಟ್ಟೆಕಿಚ್ಚಿಗೆ ಎದುರಿನವರು ಬಿದ್ದರಷ್ಟೇ ಸಾಲದು, ಅವರು ಬಿದ್ದ ಜಾಗದ ಮೇಲೆ ತಾನು ನಿಲ್ಲಬೇಕು.

“ಅವರು ಕಾಗದ ಓದ್ಲಿಲ್ಲ, ಅದಕ್ಕೆ ಹಾಗಾಯ್ತು. ನಾನು ಒಂದೊಂದೂ ಕೇಳಿ ತಿಳ್ಕೊಂಡೇ ಸಹಿ ಹಾಕ್ಸೋದು” ಎಂದು ಎದ್ದು ಕೂದಲು ಬಾಚಿಕೊಳ್ಳಲು ಹೋದಳು.

ಸಹಿಯ ದಿನ ಮಗಳು ಅರ್ಧ ದಿನದ ರಜೆ ಹಾಕಿ, ಆಸ್ಪತ್ರೆಯ ಸಮವಸ್ತ್ರದಲ್ಲೇ ಬ್ಯಾಂಕಿಗೆ ಬಂದಳು. ಮೂವರೂ ಸಾಲಾಗಿ ಕುರ್ಚಿಯಲ್ಲಿ ಕೂತೆವು. ಅಧಿಕಾರಿ ಕಾಗದಗಳ ಕಟ್ಟು ಮುಂದಿಟ್ಟು, ಎಲ್ಲೆಲ್ಲಿ ಸಹಿ ಎಂದು ಪೆನ್ಸಿಲಿನಲ್ಲಿ ಗುರುತು ಹಾಕಿ, ಮಗಳ ಕೈಗೆ ಪೆನ್ನು ಕೊಟ್ಟ.

“ಒಂದು ನಿಮಿಷ” ಎಂದಳು ನನ್ನ ಹೆಂಡತಿ. ಅವಳ ದನಿಯಲ್ಲಿ ಗಿರಾಕಿಯ ಗತ್ತಿತ್ತು. “ಬಡ್ಡಿ ಏರಿದ್ರೆ ನೀವು ಕಂತು ಏರಿಸ್ತೀರೋ, ವರ್ಷ ಏರಿಸ್ತೀರೋ?”

“ಸಾಮಾನ್ಯವಾಗಿ ವರ್ಷ, ಮೇಡಂ. ಜನಕ್ಕೂ ಅದೇ ಇಷ್ಟ. ಆದ್ರೆ ನಿಮ್ಮದು ಮೊದಲೇ ಮೂವತ್ತು ವರ್ಷ, ಇನ್ನು ಎಳೆಯೋಕೆ ಜಾಗ ಇಲ್ಲ. ನಿಮಗೆ ಕಂತೇ ಏರುತ್ತೆ.”

“ಇಪ್ಪತ್ತೈದರ ಮೇಲೂ ಹೋಗ್ಬೋದಾ?”

“ಹೋಗ್ಬೋದು.”

ಅವಳು ಕುರ್ಚಿಯಲ್ಲಿ ಸ್ವಲ್ಪ ಮುಂದೆ ಸರಿದಳು. “ಈಗ ಮೊದಲನೇ ತಿಂಗಳು ಕಟ್ತೀವಲ್ಲ ಇಪ್ಪತ್ನಾಲ್ಕು ಸಾವಿರ, ಅದ್ರಲ್ಲಿ ಬಡ್ಡಿ ಎಷ್ಟು?”

ಅಧಿಕಾರಿ ಪರದೆಯನ್ನು ನಮ್ಮ ಕಡೆ ತಿರುಗಿಸಿದ. ನನ್ನ ಹೆಂಡತಿಯ ಪರದೆಯಲ್ಲ, ಕಂಪ್ಯೂಟರಿನದು. ಇಪ್ಪತ್ತೆರಡೂವರೆ ಸಾವಿರ ಬಡ್ಡಿ. ಅಸಲಿಗೆ ಸಲ್ಲುವುದು ಸಾವಿರದ ಆರುನೂರು ಚಿಲ್ಲರೆ.

“ಮೂವತ್ತು ವರ್ಷಕ್ಕೆ ಒಟ್ಟು?”

“ಒಟ್ಟು ಎಂಬತ್ತಾರು ಲಕ್ಷ ತೊಂಬತ್ತು ಸಾವಿರ. ಇಪ್ಪತ್ತು ವರ್ಷಕ್ಕಾಗಿದ್ರೆ ಅರವತ್ನಾಲ್ಕು ಮುಕ್ಕಾಲು ಲಕ್ಷ ಆಗ್ತಿತ್ತು.” ಹುಡುಗ ಒಳ್ಳೆಯವನೇ, ಮುಚ್ಚಿಡಲಿಲ್ಲ. ಇಷ್ಟು ದಿನ ನಾವು ಕೇಳಿರಲಿಲ್ಲ, ಅವನು ಹೇಳಿರಲಿಲ್ಲ.

ನೂರ ಎಪ್ಪತ್ತಾರು ಬೇಡವೆಂದಿದ್ದಳು, ತಿಂಗಳಿಗೆ ಸಾವಿರವೋ ಮೂರು ಸಾವಿರವೋ ಉಳಿಯಿತೆಂದು ಹಿಗ್ಗಿದ್ದಳು. ಅದರ ಬೆಲೆ ಇಪ್ಪತ್ತೆರಡು ಲಕ್ಷ. ಅವಳು ಬೆರಳಿನಿಂದ ಮೇಜಿನ ಮೇಲೆ ಏನೋ ಅಳೆಯುತ್ತಿದ್ದಳು, ಮತ್ತೆ ಮತ್ತೆ ಅದೇ ಜಾಗವನ್ನು.

“ನಾಲ್ಕಡಿ ಕಿಟಕಿಗೆ ಹತ್ತಡಿ ಅಂದ್ರೆ ಜನ ನನ್ನ ಹತ್ರ ಜಗಳ ಆಡ್ತಾರೆ” ಎಂದಳು. “ಇದು ಮೂವತ್ತಕ್ಕೆ ಎಂಬತ್ತೇಳು, ಅಂದ್ರೆ ನಾಲ್ಕಡಿಗೆ ಹನ್ನೊಂದೂವರೆ ಅಡಿ ಆಯ್ತಲ್ಲ ರೀ. ಇಷ್ಟು ನೆರಿಗೆ ನಾನು ಯಾರಿಗೂ ಇಟ್ಟಿಲ್ಲ.”

ಅಧಿಕಾರಿಗೆ ಅರ್ಥವಾಗಲಿಲ್ಲ, ಆದರೂ ನಕ್ಕ. “ಅಷ್ಟು ಹೊತ್ತಿಗೆ ಮನೆ ಬೆಲೆಯೂ ಏರಿರುತ್ತೆ ಮೇಡಂ. ಎಲ್ಲರೂ ಹೀಗೇ ತಗೊಳ್ಳೋದು” ಎಂದ. ಅದೂ ಸುಳ್ಳಲ್ಲ. ನನಗೂ ಆ ಮಾತು ಹಿಡಿಸಿತು, ಯಾಕೆಂದರೆ ಮನೆ ನನಗೂ ಬೇಕಾಗಿತ್ತು. ಕೂತಲ್ಲೇ ಮಿಸುಕಾಡಿದೆ. ಮಗಳು ಪೆನ್ನಿನ ಮುಚ್ಚಳ ತೆಗೆದು ಅಮ್ಮನ ಮುಖವನ್ನೇ ನೋಡುತ್ತಿದ್ದಳು.

“ಮುಗಿಯೋ ಹೊತ್ತಿಗೆ ಇವಳಿಗೆ ಎಷ್ಟು ವಯಸ್ಸಾಗಿರುತ್ತೆ?” ಎಂದು ನನ್ನ ಹೆಂಡತಿ ಅಧಿಕಾರಿಯನ್ನು ಕೇಳಿದಳು. ಅಷ್ಟು ಸಣ್ಣ ಲೆಕ್ಕವನ್ನು ಅವಳೇ ಮಾಡಬಹುದಿತ್ತು.

“ಐವತ್ತೆರಡು.”

“ನಂಗೀಗ ನಲವತ್ತಾರು” ಎಂದಳು.

ಪಕ್ಕದ ಮೇಜಿನಲ್ಲಿ ಯಾರೋ ಕಾಗದಗಳಿಗೆ ಠಸ್ಸೆ ಒತ್ತುತ್ತಿದ್ದರು. ಅವಳು ಮಗಳ ಕಡೆ ತಿರುಗಿ ಆ ಸಮವಸ್ತ್ರ, ಎದೆಯ ಮೇಲಿನ ಗುರುತಿನ ಚೀಟಿ, ಕೈಯಲ್ಲಿದ್ದ ಪೆನ್ನು ಎಲ್ಲವನ್ನೂ ನೋಡಿದಳು. ತನಗಿಂತ ಆರು ವರ್ಷ ದೊಡ್ಡವಳಾದ ಮಗಳು ಇದೇ ಸಮವಸ್ತ್ರದಲ್ಲಿ, ಇದೇ ಎಕ್ಸ್‌ರೇ ಕೋಣೆಯಲ್ಲಿ ನಿಂತು, ಅಮ್ಮ ಯಾವಾಗಲೋ ಯಾರದೋ ಮೇಲೆ ಉರಿದುಕೊಂಡದ್ದಕ್ಕೆ ಕಂತು ಕಟ್ಟುತ್ತಿರುವುದು ಅವಳಿಗೆ ಕಂಡಿರಬೇಕು. ಕೈ ಚಾಚಿ ಪೆನ್ನು ಕಿತ್ತುಕೊಂಡಳು.

“ಅಮ್ಮ, ನೀನೇ ಅಲ್ವಾ ಬೇಕು ಅಂದಿದ್ದು?”

“ಬೇಕು. ಈಗ್ಲೂ ಬೇಕು. ಆ ಮನೆಗೆ ಬೇರೆ ಯಾರಾದ್ರೂ ಬಂದ್ರೆ ನಂಗೆ ಸಂಕಟ ಆಗುತ್ತೆ, ಸಾಯೋವರೆಗೂ ಆಗುತ್ತೆ.” ಪೆನ್ನಿಗೆ ಮುಚ್ಚಳ ಹಾಕಿ ಮೇಜಿನ ಮೇಲಿಟ್ಟಳು. “ಆದ್ರೆ ಹೊಟ್ಟೆಕಿಚ್ಚು ನಂದು ಕಣೆ. ಕಂತು ನೀನ್ಯಾಕೆ ಕಟ್ತೀಯ?”

ಅಧಿಕಾರಿ ಕಾಗದಗಳನ್ನು ಒಟ್ಟುಗೂಡಿಸಿ ಬದಿಗಿಟ್ಟ. ಮುಂಗಡ ಹೋಯಿತು, ನನಗೆ ಅದು ಹೊರಗೆ ಬಂದ ಮೇಲೆ ನೆನಪಾಯಿತು.

ರಸ್ತೆಯಲ್ಲಿ ಮಗಳು ನಮಗಿಂತ ಮುಂದೆ ನಡೆಯುತ್ತಿದ್ದಳು. ಆಗಲೇ ಫೋನು ಕಿವಿಗಿಟ್ಟುಕೊಂಡು, ಕೋರ್ಸಿಗೆ ಅರ್ಜಿ ಹಾಕಲು ಕೊನೆಯ ದಿನ ಯಾವುದೆಂದು ಯಾರನ್ನೋ ಕೇಳುತ್ತಿದ್ದಳು. ನಡಿಗೆ ಹಗುರವಾಗಿತ್ತು, ಎದುರಿಗೆ ಬಂದ ಸೈಕಲ್ಲನ್ನೂ ನೋಡದೆ ಪಕ್ಕಕ್ಕೆ ಸರಿದಳು. ನನ್ನ ಹೆಂಡತಿ ನಿಂತು ಅವಳ ಬೆನ್ನನ್ನೇ ನೋಡಿದಳು. ಆ ನೋಟ ನನಗೆ ಚೆನ್ನಾಗಿ ಗೊತ್ತು, ಹೊಸ ಮನೆಗಳಿಂದ ಬಂದ ಸಂಜೆ ಅವಳ ಕಣ್ಣಲ್ಲಿರುವಂಥದ್ದು.

“ಏನಾಯ್ತೇ?” ಎಂದೆ.

“ಅವಳನ್ನ ನೋಡಿದ್ರೆ ಹೊಟ್ಟೆ ಉರೀತಿದೆ ರೀ” ಎಂದಳು. “ಆ ವಯಸ್ಸಲ್ಲಿ ನಂಗೆ ಇಂಥ ಅಮ್ಮ ಇರ್ಲಿಲ್ಲ.”